ನಗೋದು ಬಿಡಿ, ಕಳ್ಳನಿಗೆ ಬೇಕಾಗಿರೋದೇ ಅದು

ಗೋವಿನಜೋಳ ಮಾರಿದ ದುಡ್ಡು ಖಾತೆಗೆ ಬೀಳುತ್ತಿರುವ ಹೊತ್ತು. ಅದಕ್ಕೇ ಇವತ್ತು ಬೆಳೆ ವಿಚಾರ ಬದಿಗಿಟ್ಟು ಬೇರೆ ಮಾತು.

ಪಕ್ಕದ ಊರಿನ ನಿವೃತ್ತ ಮಾಸ್ತರರೊಬ್ಬರನ್ನ ಖಾಕಿ ತೊಟ್ಟವನೊಬ್ಬ ಎರಡು ದಿನ ವಿಡಿಯೋ ಕರೆಯಲ್ಲೇ ಕೂರಿಸಿದ್ದ. "ನಿಮ್ಮ ಹೆಸರಿನ ಪಾರ್ಸೆಲ್‌ನಲ್ಲಿ ಡ್ರಗ್ಸ್ ಸಿಕ್ಕಿದೆ, ಡಿಜಿಟಲ್ ಅರೆಸ್ಟ್ ಆಗಿದ್ದೀರಿ, ಮನೆಯವರಿಗೂ ಹೇಳಬಾರದು" ಅಂತ ಹೆದರಿಸಿ, ಕೂಡಿಟ್ಟ ಹಣವನ್ನೆಲ್ಲ ಹಾಕಿಸಿಕೊಂಡ. ಸುದ್ದಿ ಹೊರಬಿದ್ದಾಗ ಚಹಾದಂಗಡಿಯಲ್ಲಿ ನಕ್ಕವರೇ ಜಾಸ್ತಿ. "ಓದಿದ ಮಾಸ್ತರು, ಇಷ್ಟೂ ತಿಳೀಲಿಲ್ವಾ?" ನನ್ನ ತಕರಾರು ಇರೋದು ಆ ನಗುವಿನ ಮೇಲೆ.

ದಡ್ಡರಷ್ಟೇ ಮೋಸ ಹೋಗ್ತಾರೆ ಅನ್ನೋದು ಸುಳ್ಳು. ನಾವು ಬೆಳೆಯೋ ಹತ್ತಿಯಿಂದ ನೂಲು ತೆಗೆಯೋ ದೊಡ್ಡ ಕಂಪನಿಗಳಲ್ಲಿ ಲೂಧಿಯಾನದ ವರ್ಧಮಾನ್ ಒಂದು. ಅದರ ಅಧ್ಯಕ್ಷ ಎಸ್. ಪಿ. ಓಸ್ವಾಲ್, ಪದ್ಮಭೂಷಣ ಪಡೆದವರು. 2024ರ ಆಗಸ್ಟ್‌ನಲ್ಲಿ ಅವರಿಗೆ ಸುಪ್ರೀಂ ಕೋರ್ಟ್ ಹೆಸರಲ್ಲಿ ಸುಳ್ಳು ವಿಚಾರಣೆಯನ್ನೇ ವಿಡಿಯೋದಲ್ಲಿ ನಡೆಸಿ 7 ಕೋಟಿ ರೂಪಾಯಿ ಕಿತ್ತರು. ಅವರನ್ನೂ ದಡ್ಡರು ಅಂತೀರಾ?

ಲಾಟರಿ ಮೋಸ ಆಸೆಯಿಂದ ನಡೆಯುತ್ತೆ. ಇದು ನಡೆಯೋದು ಭಯದಿಂದ. ಆ ಭಯವನ್ನ ಕಳ್ಳ ಬಿತ್ತಿದ್ದಲ್ಲ, ಅವನು ಬರೀ ಕೊಯ್ಲು ಮಾಡ್ತಾನೆ. ಠಾಣೆಗೆ ಹೋದರೆ ಏಕವಚನ, ಕಚೇರಿಗೆ ಹೋದರೆ "ನಾಳೆ ಬಾ". ತಪ್ಪು ಮಾಡದಿದ್ದರೂ ಕೈಕಟ್ಟಿ ನಿಲ್ಲೋದನ್ನ ನಮಗೆ ತಲೆಮಾರಿನಿಂದ ಕಲಿಸಿದ್ದಾರೆ. ಫೋನಿನಲ್ಲಿ ಒಬ್ಬ ಗದರಿಸಿದ ಕೂಡಲೇ "ಇವನು ಪೊಲೀಸೇ ಇರಬೇಕು" ಅನಿಸುತ್ತಲ್ಲ, ನಾಚಿಕೆ ಪಡಬೇಕಾದವರು ನಾವಲ್ಲ. ಜನರ ಜೊತೆ ಮರ್ಯಾದೆಯಿಂದ ಮಾತಾಡೋ ಪೊಲೀಸರನ್ನೇ ನೋಡಿ ರೂಢಿ ಇದ್ದಿದ್ದರೆ, ಗದರಿಸೋನು ಕಳ್ಳ ಅಂತ ಒಂದೇ ನಿಮಿಷಕ್ಕೆ ಗೊತ್ತಾಗುತ್ತಿತ್ತು.

ಕಾನೂನಿನಲ್ಲಿ ಡಿಜಿಟಲ್ ಅರೆಸ್ಟ್ ಅನ್ನೋದೇ ಇಲ್ಲ. 2024ರ ಅಕ್ಟೋಬರ್‌ನಲ್ಲಿ ಪ್ರಧಾನಿ ಕೂಡ ಮನ್ ಕಿ ಬಾತ್‌ನಲ್ಲಿ ಇದನ್ನೇ ಹೇಳಿದ್ದರು. ಬಂಧಿಸಬೇಕಾದರೆ ಪೊಲೀಸರು ಖುದ್ದಾಗಿ ಬರಬೇಕು, ಕಾರಣ ಹೇಳಬೇಕು, ಮನೆಯವರಿಗೆ ತಿಳಿಸಬೇಕು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. "ಮನೆಯವರಿಗೆ ಹೇಳಬೇಡ" ಅಂದವನು ಕಳ್ಳ. "ಪರಿಶೀಲನೆಗೆ ದುಡ್ಡು ಹಾಕು, ವಾಪಸ್ ಕೊಡ್ತೀವಿ" ಅಂದವನೂ ಕಳ್ಳ.

ಈಗ ನಗುವಿನ ವಿಚಾರ. ಬದು ಒಡೆದ ಕೂಡಲೇ ಮಣ್ಣು ಹಾಕಿದರೆ ನೀರು ನಿಲ್ಲುತ್ತೆ, ಬೆಳಗಾಗಲಿ ಅಂತ ಕೂತರೆ ಗದ್ದೆ ಖಾಲಿ. ದುಡ್ಡೂ ಹಾಗೇ. ಒಂದು ಖಾತೆಯಿಂದ ಹತ್ತು ಖಾತೆಗೆ ಹಂಚಿಹೋಗುವ ಮುಂಚೆ 1930ಕ್ಕೆ ಫೋನ್ ಮಾಡಿದರೆ ತಡೆಯೋ ಅವಕಾಶ ಇದೆ. ಓಸ್ವಾಲ್ ಮುಚ್ಚಿಡದೆ ದೂರು ಕೊಟ್ಟರು, 5 ಕೋಟಿಗೂ ಹೆಚ್ಚು ಸಿಕ್ಕಿತು. ನಮ್ಮ ಮಾಸ್ತರು ಒಂಬತ್ತು ದಿನ ಬಾಯಿಬಿಡಲಿಲ್ಲ. ಯಾಕೆ? ನಾವು ನಗ್ತೀವಿ ಅಂತ. ಆ ಒಂಬತ್ತು ದಿನ ಕಳ್ಳನಿಗೆ ಕೊಟ್ಟವರು ನಾವೇ.

ಬ್ಯಾಂಕಿನವರಿಗೂ ಒಂದು ಮಾತಿದೆ. ಬೆಳೆಸಾಲ ಕೇಳಿದರೆ ಪಹಣಿ ತಾ, ನೋ ಡ್ಯೂ ತಾ ಅಂತ ಹತ್ತು ಸಲ ಅಲೆಸ್ತೀರಿ. ಎಪ್ಪತ್ತು ವರ್ಷದ ಹಿರಿಯರು ನಡುಗುತ್ತಾ ಬಂದು ಠೇವಣಿ ಮುರಿಸಿ, ಗುರುತಿಲ್ಲದ ಖಾತೆಗೆ ಅಷ್ಟೂ ಕಳಿಸಿ ಅಂದಾಗ "ಯಾಕೆ ಯಜಮಾನ್ರೇ?" ಅಂತ ಒಂದು ಪ್ರಶ್ನೆ ಕೇಳೋಕಾಗಲ್ವಾ? ಠಾಣೆಯವರು "ಇದು ನಮ್ಮ ವ್ಯಾಪ್ತಿಗೆ ಬರಲ್ಲ" ಅಂದರೆ ಸುಮ್ಮನೆ ವಾಪಸ್ ಬರಬೇಡಿ. ಹೊಸ ಕಾನೂನು ಬಿಎನ್‌ಎಸ್‌ಎಸ್‌ನ 173ನೇ ಕಲಂ ಪ್ರಕಾರ, ಅಪರಾಧ ಎಲ್ಲೇ ನಡೆದಿರಲಿ, ಯಾವ ಠಾಣೆಯಲ್ಲಾದರೂ ದೂರು ಕೊಡಬಹುದು.

ಕೊನೆಗೆ ನಮ್ಮ ಹುಡುಗರ ವಿಚಾರ. ಇಂಥ ಎಷ್ಟೋ ಕರೆಗಳು ಕಾಂಬೋಡಿಯಾ, ಮ್ಯಾನ್ಮಾರ್, ಲಾವೋಸ್ ಕಡೆಯಿಂದ ಬರ್ತವೆ. ಆದರೆ ದುಡ್ಡು ಹರಿಯೋದು ಇಲ್ಲಿನ ಖಾತೆಗಳ ಮೂಲಕವೇ. "ಪಾಸ್‌ಬುಕ್, ಎಟಿಎಂ ಕಾರ್ಡ್, ಸಿಮ್ ಕೊಡು, ಐದು ಸಾವಿರ ಕೊಡ್ತೀನಿ" ಅಂದವನಿಗೆ ಖಾತೆ ಕೊಟ್ಟರೆ ಅದು ಬಾಡಿಗೆ ಅಲ್ಲ, ಕಳ್ಳತನಕ್ಕೆ ಕಾಲುವೆ ತೋಡಿಕೊಟ್ಟಂತೆ. ಪೊಲೀಸರು ಮೊದಲು ಬಂದು ನಿಲ್ಲೋದೂ ಆ ಖಾತೆದಾರನ ಮನೆ ಬಾಗಿಲಿಗೇ.

ಇವತ್ತು ರಾತ್ರಿ ಊಟಕ್ಕೆ ಕೂತಾಗ ಅಪ್ಪ ಅವ್ವನಿಗೆ ಇಷ್ಟು ಹೇಳಿ: "ಯಾರೇ ಹೆದರಿಸಿದರೂ ಫೋನ್ ಕಟ್ ಮಾಡಿ ನನ್ನನ್ನ ಕರೀರಿ. ದುಡ್ಡು ಹೋಗಿದ್ದರೂ ಹೇಳಿ, ನಾನು ಬೈಯಲ್ಲ." ಆಮೇಲೆ ನಿಜವಾಗ್ಲೂ ಬೈಬೇಡಿ. ಗೋಡೆ ಮೇಲೆ 1930 ಅಂತ ದೊಡ್ಡದಾಗಿ ಬರೆದಿಡಿ.