ಮೇರಿ ಪಾಪಿನ್ಸ್‌ ಮೇಲೆ ಆಡಿದ ಕತ್ತರಿ

1964ರ ‘ಮೇರಿ ಪಾಪಿನ್ಸ್’ನಲ್ಲಿ ಕೊಡೆ ಹಿಡಿದು ಲಂಡನ್ನಿನ ಆಕಾಶದಿಂದ ಇಳಿದು ಬಂದ ಜೂಲಿ ಆಂಡ್ರ್ಯೂಸ್, ಮೊದಲ ಚಿತ್ರದಲ್ಲೇ ಆಸ್ಕರ್ ಗೆದ್ದರು. ಮರುವರ್ಷ ‘ದ ಸೌಂಡ್ ಆಫ್ ಮ್ಯೂಸಿಕ್’ ಬಂತು. ಮನೆಮಂದಿಯೆಲ್ಲ ಕೂತು ನೋಡಬಹುದಾದ ನಟಿ ಎಂಬ ಹೆಸರು ಅವರಿಗೆ ಅಲ್ಲಿಂದ ಅಂಟಿಕೊಂಡಿತು.

2006ರಲ್ಲಿ ಕ್ರಿಸ್ಟೋಫರ್ ರೂಲ್ ‘ಮೇರಿ ಪಾಪಿನ್ಸ್’ ತುಣುಕುಗಳನ್ನು ಜೋಡಿಸಿ ‘ಸ್ಕೇರಿ ಮೇರಿ’ ಎಂಬ ಪುಟ್ಟ ಟ್ರೇಲರ್ ಮಾಡಿದರು. ಹೊಸದಾಗಿ ಒಂದು ಶಾಟ್ ಕೂಡ ತೆಗೆದಿರಲಿಲ್ಲ. ಹಾಡು, ನಗು ಹೋದವು. ಎದೆ ನಡುಗಿಸುವ ಸಂಗೀತ ಬಂತು. ದಾದಿಯರನ್ನು ಗಾಳಿ ಎತ್ತಿಕೊಂಡು ಹೋಗುವುದು, ಮಕ್ಕಳು ಹೆದರಿ ಓಡುವುದು ಮೂಲ ಚಿತ್ರದಲ್ಲೇ ಇವೆ. ಅಂಥ ಚಿತ್ರಗಳ ಪಕ್ಕದಲ್ಲಿ ನಿಂತಾಗ ಮೇರಿಯ ಮಂದಹಾಸವೇ ಭಯ ಹುಟ್ಟಿಸುತ್ತದೆ.

ಈ ತಂತ್ರದ ಮೂಲ ರಷ್ಯಾದ ನಿರ್ದೇಶಕ ಲೆವ್ ಕುಲೆಶೋವ್ ಅವರಲ್ಲಿದೆ. ನಟ ಮೊಜುಖಿನ್‌ರ ಒಂದೇ ಮುಖಭಾವದ ಜೊತೆ ಸೂಪಿನ ಬಟ್ಟಲು, ಶವಪೆಟ್ಟಿಗೆ, ಹೆಣ್ಣು ಹೀಗೆ ಬೇರೆ ಬೇರೆ ಚಿತ್ರಗಳನ್ನು ಅವರು ಜೋಡಿಸಿ ತೋರಿಸಿದರು. ಹಸಿವು, ದುಃಖ, ಆಸೆಗಳನ್ನು ಆ ಮುಖಕ್ಕೆ ತುಂಬಿದವರು ಪ್ರೇಕ್ಷಕರು. ನಿರ್ದೇಶಕ ಹಿಚ್‌ಕಾಕ್ ಇದನ್ನು ಇನ್ನಷ್ಟು ನೇರವಾಗಿ ವಿವರಿಸಿದ್ದರು. ‘ರಿಯರ್ ವಿಂಡೋ’ (1954) ಚಿತ್ರದ ಜೇಮ್ಸ್ ಸ್ಟೂವರ್ಟ್ ಕಿಟಕಿಯಾಚೆ ನೋಡುತ್ತಾರೆ, ಬುಟ್ಟಿಯಲ್ಲಿ ಇಳಿಯುತ್ತಿರುವ ಪುಟ್ಟ ನಾಯಿ ಕಾಣುತ್ತದೆ, ಸ್ಟೂವರ್ಟ್ ನಗುತ್ತಾರೆ. ಎಂಥ ಮೃದು ಮನಸ್ಸು! ನಾಯಿಯ ಜಾಗದಲ್ಲಿ ಅರೆಬೆತ್ತಲೆ ಹುಡುಗಿಯನ್ನು ಇಟ್ಟರೆ, ಅದೇ ನಗುವಿನಿಂದ ಅವರು ಕೆಟ್ಟ ಚಪಲದ ಮುದುಕರಾಗುತ್ತಾರೆ. ಅಮೆರಿಕದ ಸಜ್ಜನಿಕೆಗೆ ಮಾದರಿ ಎನಿಸಿಕೊಂಡಿದ್ದ ನಟನ ಮಾನ ಒಂದು ಶಾಟಿನ ಮೇಲೆ ನಿಂತಿತ್ತು.

ಆಂಡ್ರ್ಯೂಸ್ ತಾವೇ ಮನೆಮಂದಿಯ ನಟಿ ಎಂಬ ಚೌಕಟ್ಟು ಮುರಿಯಲು ನೋಡಿದ್ದುಂಟು. ಹಿಚ್‌ಕಾಕ್‌ರ ‘ಟಾರ್ನ್ ಕರ್ಟನ್’ನಲ್ಲಿ (1966) ಪಾಲ್ ನ್ಯೂಮನ್ ಜೊತೆ ಹಾಸಿಗೆಯಲ್ಲಿ ಕಾಣಿಸಿಕೊಂಡರು. ಪತಿ ಬ್ಲೇಕ್ ಎಡ್ವರ್ಡ್ಸ್‌ರ ‘ಎಸ್.ಒ.ಬಿ.’ಯಲ್ಲಿ (1981) ಮಾಡಿದ್ದು, ನೆಲಕಚ್ಚಿದ ಕೌಟುಂಬಿಕ ಚಿತ್ರವನ್ನು ಕಾಮುಕ ಚಿತ್ರವಾಗಿ ಬದಲಿಸಲು ಬಳಕೆಯಾಗುವ ಸಂಭಾವಿತ ತಾರೆಯ ಪಾತ್ರ. ಆದರೂ ಜನರ ಮನಸ್ಸಿನಲ್ಲಿ ಉಳಿದದ್ದು ಕೊಡೆಯ ಮೇರಿಯೇ.

ಹಾಗೆಂದು ಆ ನಿರ್ಮಲ ರೂಪವೇನೂ ತಾನಾಗಿ ಹುಟ್ಟಿದ್ದಲ್ಲ. ಯಾವ ನೋಟದ ಮುಂದೆ ಯಾವ ನಗು, ಯಾವ ಹಾಡು ಎಂದು ನಿರ್ಧರಿಸಿ ಅದನ್ನು ಕಟ್ಟಿದ್ದೂ ಸಂಕಲನದ ಮೇಜೇ. ‘ಮೇರಿ ಪಾಪಿನ್ಸ್’ಗೆ ಸಂಕಲನದ ಆಸ್ಕರ್ ಕೂಡ ಬಂದಿತ್ತು.

‘ಸ್ಕೇರಿ ಮೇರಿ’ ತನ್ನದು ವಿನೋದವೆಂದು ಹೆಸರಿನಲ್ಲೇ ಹೇಳಿಕೊಂಡಿತು. ಈಗ ಮೊಬೈಲಿಗೆ ಬಂದು ಬೀಳುವ ತುಣುಕುಗಳಿಗೆ ಆ ಪ್ರಾಮಾಣಿಕತೆ ಇರುವುದಿಲ್ಲ. ನಟ-ನಟಿಯರ ಸಂದರ್ಶನದ ಹತ್ತು ಸೆಕೆಂಡು ನೋಡಿ ಸಿಟ್ಟು ಬಂದರೆ, ಓದುಗರು ದಯವಿಟ್ಟು ಪೂರ್ತಿ ಸಂದರ್ಶನವನ್ನು ಹುಡುಕಿ ನೋಡಬೇಕು; ಹಂಚುವುದು, ಬೈಯುವುದು ಆಮೇಲಿರಲಿ.