ಲೋಕಾಂತ್ಯದ ವ್ಯಾಪಾರ

ಭರತ ಹುಣ್ಣಿಮೆಯ ಜಾತ್ರೆಗೆ ಹೂವಿನಹಡಗಲಿ ತಾಲ್ಲೂಕಿನ ಮೈಲಾರಕ್ಕೆ ಹೋದವರು ಆ ಒಂದು ಗಳಿಗೆಯನ್ನು ಮರೆಯಲಾರರು. ಡೆಂಕನಮರಡಿಯ ಬಯಲಿನಲ್ಲಿ ಕಣ್ಣು ಹಾಯುವಷ್ಟು ದೂರ ಜನ. ಹಲವು ದಿನಗಳ ಉಪವಾಸದಲ್ಲಿರುವ ಗೊರವಯ್ಯ ಎತ್ತರದ ಬಿಲ್ಲನ್ನೇರಿ 'ಸದ್ದಲೇ' ಎಂದರೆ ಸಾಕು, ಅಷ್ಟೂ ಜನಸ್ತೋಮ ಉಸಿರು ಬಿಗಿಹಿಡಿಯುತ್ತದೆ. ಒಂದೇ ಒಂದು ವಾಕ್ಯ, ಕೊನೆಗೊಂದು 'ಪರಾಕ್'. ಮರುಕ್ಷಣವೇ ಆತ ಮೇಲಿನಿಂದ ಕೆಳಗೆ ಬೀಳುತ್ತಾನೆ, ಕೆಳಗಿದ್ದವರು ಹಿಡಿದುಕೊಳ್ಳುತ್ತಾರೆ. ಇದೇ ಕಾರಣಿಕ. ಮಳೆ ಹೇಗೆ, ಬೆಳೆ ಹೇಗೆ ಎಂದು ತಮ್ಮತಮ್ಮಲ್ಲೇ ಅರ್ಥ ಬಿಡಿಸಿಕೊಳ್ಳುತ್ತ ರೈತರು ಚಕ್ಕಡಿ ಹೂಡಿ, ಟ್ರ್ಯಾಕ್ಟರ್ ಏರಿ ಊರಿಗೆ ಮರಳುತ್ತಾರೆ.

ಆದರೆ ಈಚೆಗೆ ಅದೇ ಸಂಜೆಯ ಹೊತ್ತಿಗೆ ಆ ವಾಕ್ಯ ದೂರದರ್ಶನದ ಪರದೆಗಳ ಮೇಲೆ ಬೇರೆಯೇ ರೂಪ ತಾಳುತ್ತದೆ. ಯಾವ ಮುಖ್ಯಮಂತ್ರಿಯ ಕುರ್ಚಿ ಅಲುಗಾಡಲಿದೆ, ಯಾವ ಪಕ್ಷ ನೆಲಕಚ್ಚಲಿದೆ, ದೇಶಕ್ಕೆ ಯಾವ ಗಂಡಾಂತರ ಕಾದಿದೆ ಎಂದು ಪಂಡಿತರು ಕುಳಿತು ಚರ್ಚಿಸುತ್ತಾರೆ. ಹೊಲದ ಮಾತನ್ನು ಪ್ರಳಯದ ಮಾತಾಗಿಸುವ ಈ ಕಲೆ ಗೊರವಯ್ಯನದಲ್ಲ, ಅದನ್ನು ಮಾರುವವರದು.

ಇದನ್ನು ಓದಿ ನಮ್ಮ ಕ್ರೈಸ್ತ ಕುಟುಂಬಗಳು ಮುಗುಳ್ನಗುವುದಾದರೆ ಸ್ವಲ್ಪ ತಾಳಬೇಕು. 1999ರ ಕೊನೆಯಲ್ಲಿ ನಮ್ಮ ಮನೆಗೂ ಒಂದು ಜೆರಾಕ್ಸ್ ಹಾಳೆ ಬಂದಿತ್ತು. ಮೂರು ದಿನ ಲೋಕವೆಲ್ಲ ಕತ್ತಲೆಯಾಗುವುದು, ಕಿಟಕಿ ಬಾಗಿಲು ಮುಚ್ಚಿರಬೇಕು, ಮಂತ್ರಿಸಿದ ಮೇಣದ ಬತ್ತಿ ಮಾತ್ರವೇ ಉರಿಯುವುದು, ಇದನ್ನು ಹತ್ತು ಮಂದಿಗೆ ಹಂಚದಿದ್ದರೆ ಮನೆಗೆ ಕೇಡು ಎಂದು ಅದರಲ್ಲಿತ್ತು. ನಮ್ಮ ತಾಯಿ ಬತ್ತಿಗಳನ್ನೇನೋ ತರಿಸಿದರು. ಹಾಳೆಯನ್ನು ಹಂಚಲಿಲ್ಲ. ಕರೆಂಟ್ ಹೋದ ರಾತ್ರಿಗಳಲ್ಲಿ ಆ ಬತ್ತಿಗಳು ಬಹುಕಾಲ ಒದಗಿದವು. ಇಂದು ಜೆರಾಕ್ಸಿನ ಖರ್ಚೂ ಇಲ್ಲ. ಅದೇ ಹಾಳೆ ಮೊಬೈಲಿನಲ್ಲಿ ಬರುತ್ತದೆ. ಭಾನುವಾರದ ಪೂಜೆ ಮುಗಿದು ದೇವಾಲಯದ ಅಂಗಳ ದಾಟುವುದರೊಳಗೆ ನಾಲ್ಕು ಮಂದಿ ತೋರಿಸುತ್ತಾರೆ.

ಈ ವ್ಯಾಪಾರದ ಲೆಕ್ಕಪುಸ್ತಕವನ್ನು ಯಾರಾದರೂ ತೆರೆದು ನೋಡಬೇಕು. ಅಮೆರಿಕದಲ್ಲಿ ವಿಲಿಯಂ ಮಿಲ್ಲರನ ಅನುಯಾಯಿಗಳು 1844ರ ಅಕ್ಟೋಬರ್ 22ರಂದು ಪ್ರಭುವಿನ ಬರವಿಗಾಗಿ ಕಾದು ಕುಳಿತರು, ಬೆಳಗಾಯಿತು. 1962ರ ಫೆಬ್ರವರಿಯಲ್ಲಿ ಅಷ್ಟಗ್ರಹ ಕೂಟವೆಂದು ನಮ್ಮ ದೇಶವೇ ನಡುಗಿತು, ಊರೂರಲ್ಲಿ ಹೋಮಗಳಾದವು, ಬೆಳಗಾಯಿತು. ಹೆರಾಲ್ಡ್ ಕ್ಯಾಂಪಿಂಗ್ ಎಂಬ ರೇಡಿಯೋ ಬೋಧಕ 2011ರ ಮೇ 21 ಎಂದ, 2012ರ ಡಿಸೆಂಬರಿನಲ್ಲಿ ಮಾಯಾ ಪಂಚಾಂಗ ಮುಗಿಯಿತೆಂದರು. ಪ್ರತಿ ಸಲವೂ ಬೆಳಗಾಯಿತು. ಯಾರಾದರೂ ದಿನಾಂಕ ಹೇಳಿದರೆ, ಅದರ ಮರುದಿನದಿಂದ ತಮ್ಮ ಮನೆ-ಜಮೀನನ್ನು ಧರ್ಮಕೇಂದ್ರದ ಹೆಸರಿಗೆ ಬರೆದುಕೊಡುವರೇ ಎಂದು ಕೇಳಿ ನೋಡಬಹುದು.

ನಗುವುದಕ್ಕೂ ಮಿತಿಯಿದೆ. ಉಗಾಂಡಾದ ಕನುಂಗು ಎಂಬಲ್ಲಿ ಹತ್ತು ಕಟ್ಟಳೆಗಳ ಪುನರುದ್ಧಾರದ ಹೆಸರಿನಲ್ಲಿ ಒಂದು ಪಂಥ ಹುಟ್ಟಿತು. ಅದನ್ನು ಕಟ್ಟಿದವರು ಹೊರಗಿನವರಲ್ಲ, ಕಥೋಲಿಕ ಸಭೆಯಿಂದಲೇ ಹೋದವರು. ಅವರಲ್ಲಿ ಮಾಜಿ ಗುರುಗಳೂ ಇದ್ದರು. ಜನ ಹೊಲಮನೆ ಮಾರಿ ಹಣ ಒಪ್ಪಿಸಿದರು. 1999 ಮುಗಿದರೂ ಲೋಕ ಮುಗಿಯಲಿಲ್ಲ. 2000ದ ಮಾರ್ಚ್ 17ರಂದು ಅವರ ಪ್ರಾರ್ಥನಾಲಯ ಹೊತ್ತಿ ಉರಿಯಿತು. ನೂರಾರು ಮಂದಿ, ಅವರಲ್ಲಿ ಮಕ್ಕಳೂ ಸೇರಿ, ಬೂದಿಯಾದರು. 2023ರಲ್ಲಿ ಕೀನ್ಯದ ಶಕಹೋಲಾ ಕಾಡಿನಲ್ಲಿ ಪ್ರಭುವನ್ನು ಸೇರಲು ಉಪವಾಸವಿರಿ ಎಂಬ ಬೋಧಕನ ಮಾತು ನಂಬಿದವರ ಶವಗಳನ್ನು ಅಗೆದು ತೆಗೆದಾಗ ಲೆಕ್ಕ 400 ಮೀರಿತು. ಮೊದಲು ಬಂದದ್ದು ಒಂದು ಹಾಳೆ, ಒಂದು ಪ್ರವಚನ, ಒಂದು ದಿನಾಂಕ.

ಹಾಗಾದರೆ ಪ್ರಕಟನಾ ಗ್ರಂಥವನ್ನು ಏನು ಮಾಡೋಣ ಎಂದು ಕೇಳುವವರಿದ್ದಾರೆ. ಅದನ್ನು ಓದೋಣ, ಅದಷ್ಟೇ ನನ್ನ ಉತ್ತರ. ಗ್ರೀಕ್ ಭಾಷೆಯಲ್ಲಿ ಅದರ ಹೆಸರಿಗೆ ಮುಸುಕು ತೆಗೆಯುವುದು ಎಂದರ್ಥವೇ ಹೊರತು ನಾಶವೆಂದಲ್ಲ. ಪತ್ಮೋಸ್ ದ್ವೀಪದಿಂದ ಏಷ್ಯಾ ಸೀಮೆಯ ಏಳು ಸಣ್ಣ ಸಭೆಗಳಿಗೆ ಹೋದ ಆ ಬರಹ, ರೋಮ್ ಚಕ್ರಾಧಿಪತ್ಯ ಶಾಶ್ವತವೆಂದು ಎಲ್ಲರೂ ನಂಬಿದ್ದ ಕಾಲದಲ್ಲಿ ಅದರ ಮುಸುಕು ತೆಗೆದು, ಇದೂ ಬೀಳುವುದು ಎಂದಿತು. ಬಾಬಿಲೋನ್ ಎಂದದ್ದು ರೋಮನ್ನೇ. ನಮ್ಮ ಕಾಲಜ್ಞಾನದ ಪರಂಪರೆಯಲ್ಲೂ ಇದೇ ಗುಣ ಉಂಟು. ಕೊಡೇಕಲ್ ಬಸವಣ್ಣನವರ ಪರಂಪರೆಯಾಗಲಿ ಕೈವಾರದ ನಾರಾಯಣಪ್ಪನವರದಾಗಲಿ, ಮುಂದೆ ಹೀಗಾಗುವುದು ಎಂಬ ಒಗಟಿನ ಮರೆಯಲ್ಲಿ ಆಡಿದ್ದು ಬಹುಪಾಲು ತಮ್ಮ ಕಾಲದ ಅನ್ಯಾಯದ ಮಾತನ್ನೇ. ದುರ್ಬಲರು ಬಲಾಢ್ಯರ ವಿರುದ್ಧ ಬರೆದುಕೊಂಡ ಸಾಹಿತ್ಯವನ್ನು ಬಲಾಢ್ಯರು ಕಸಿದುಕೊಂಡು ದುರ್ಬಲರನ್ನು ಹೆದರಿಸಲು ಬಳಸುವುದೇ ಇಲ್ಲಿನ ಮೋಸ.

ಆ ದಿನವನ್ನಾಗಲಿ ಗಳಿಗೆಯನ್ನಾಗಲಿ ತಂದೆಯ ಹೊರತು ಯಾರೂ ಅರಿಯರು, ತಾನೂ ಅರಿಯೆನೆಂದು ಪ್ರಭು ಯೇಸುವೇ ಹೇಳಿರುವಾಗ, ಅವರಿಗಿಂತ ಹೆಚ್ಚು ಬಲ್ಲೆವೆನ್ನುವ ಬೋಧಕರನ್ನು ಏನೆನ್ನಬೇಕು? ಥೆಸಲೋನಿಕದಲ್ಲಿ ಪ್ರಭುವಿನ ದಿನ ಬಂದೇಬಿಟ್ಟಿತೆಂದು ಗುಲ್ಲೆದ್ದಿತ್ತು. ಕೆಲವರು ಕೆಲಸ ಬಿಟ್ಟು ಅಲೆಯುತ್ತಿದ್ದರು. ಸಂತ ಪೌಲರು ಕನಿಕರಿಸಲಿಲ್ಲ. ದುಡಿಯಲೊಲ್ಲದವನು ಉಣ್ಣಲೂ ಬಾರದೆಂದು ನೇರವಾಗಿಯೇ ಬರೆದರು.

ನಮ್ಮ ಸೀಮೆಗೆ ಲೋಕಾಂತ್ಯ ಒಮ್ಮೆ ನಿಜವಾಗಿಯೂ ಬಂದಿತ್ತು. ಧಾತು ಮತ್ತು ಈಶ್ವರ ಸಂವತ್ಸರಗಳ ಬರವೆಂದು ಹಿರಿಯರು ನೆನೆಯುತ್ತಿದ್ದುದು ಅದನ್ನೇ: 1876ರಿಂದ 1878. ಕೂಡ್ಲಿಗಿ, ಹಡಗಲಿ, ಹರಪನಹಳ್ಳಿಗಳು ಆಗ ಮದರಾಸು ಪ್ರಾಂತ್ಯದ ಬಳ್ಳಾರಿ ಜಿಲ್ಲೆಯಲ್ಲಿದ್ದವು. ಆ ಪ್ರಾಂತ್ಯದಲ್ಲಿ ಅತಿ ಹೆಚ್ಚು ನಲುಗಿದ ಜಿಲ್ಲೆಗಳಲ್ಲಿ ಇದೂ ಒಂದು. 1871 ಮತ್ತು 1881ರ ಜನಗಣತಿಗಳ ನಡುವೆ ಜಿಲ್ಲೆಯ ಜನಸಂಖ್ಯೆಯ ಸುಮಾರು ಐದರಲ್ಲೊಂದು ಪಾಲು ಕರಗಿತು. ಮಳೆ ಹೋದದ್ದು ನಿಜ. ಆದರೆ ಅದೇ ವರ್ಷಗಳಲ್ಲಿ ಭಾರತದಿಂದ ಧಾನ್ಯ ಇಂಗ್ಲೆಂಡಿಗೆ ಹಡಗೇರುತ್ತಿತ್ತು. ಖರ್ಚು ಉಳಿಸಲೆಂದು ಬಂದ ಸರ್ ರಿಚರ್ಡ್ ಟೆಂಪಲ್, ಬರಗಾಲದ ಕಾಮಗಾರಿಯಲ್ಲಿ ಕಲ್ಲು ಹೊರುವವನಿಗೆ ದಿನಕ್ಕೆ ಒಂದು ಪೌಂಡ್ ಧಾನ್ಯ, ಜೊತೆಗೆ ಚಿಲ್ಲರೆ ಕಾಸು ಸಾಕೆಂದು ಗೊತ್ತುಮಾಡಿದ. ಮದರಾಸಿನ ಆರೋಗ್ಯಾಧಿಕಾರಿ ಕಾರ್ನಿಷ್ ಎಂಬಾತ, ಇದರಿಂದ ಮನುಷ್ಯ ಬದುಕಲಾರ ಎಂದು ಅಂಕಿಸಂಖ್ಯೆ ಮುಂದಿಟ್ಟು ವಾದಿಸಿದ ಮೇಲೆ 1877ರಲ್ಲಿ ಅದನ್ನು ಬಿಡಬೇಕಾಯಿತು. ದೈವಕೋಪ ಎಂದವರು ಯಾರನ್ನೂ ಉಳಿಸಲಿಲ್ಲ. ತೂಕದ ಲೆಕ್ಕ ಕೇಳಿದವನು ಕೆಲವರನ್ನಾದರೂ ಉಳಿಸಿದ.

2017ರ ಫೆಬ್ರವರಿಯಲ್ಲಿ ಕೊಟ್ಟೂರಿನ ಗುರು ಕೊಟ್ಟೂರೇಶ್ವರರ ರಥ ಎಳೆಯುವಾಗಲೇ ಉರುಳಿಬಿತ್ತು, ಹಲವರು ಗಾಯಗೊಂಡರು. ಕೆಡುಕಿನ ಸೂಚನೆಯೇ ಎಂಬ ಪ್ರಶ್ನೆ ಸಹಜವಾಗಿಯೇ ಎದ್ದಿತು. ಆದರೆ ರಥಕ್ಕೆ ಬೇಕಾದದ್ದು ಬಡಗಿಯ ಕಣ್ಣು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 33 ಗೇಟುಗಳಲ್ಲಿ 19ನೆಯದರ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ಅಣೆಕಟ್ಟೇ ಹೋಯಿತು ಎಂಬ ಮಾತು ಮೊಬೈಲಿನಿಂದ ಮೊಬೈಲಿಗೆ ಹಾರಿತು. ಉಳಿದ ಗೇಟುಗಳನ್ನು ತೆರೆದು ಒತ್ತಡ ಇಳಿಸಿ, ಹರಿಯುವ ನೀರಿನಲ್ಲೇ ಉಕ್ಕಿನ ಹಲಗೆಗಳನ್ನು ಒಂದರ ಮೇಲೊಂದು ಇಳಿಸಿ ಆ ಬಾಯಿಯನ್ನು ಮುಚ್ಚಿದ್ದು ಆಗಸ್ಟ್ 17ಕ್ಕೆ. ವಾರವಿಡೀ ಹಗಲಿರುಳು ದುಡಿದ ಕಾರ್ಮಿಕರಿಗೆ ಪ್ರಳಯದ ಬಗ್ಗೆ ಯೋಚಿಸಲು ಪುರಸೊತ್ತು ಇದ್ದಂತೆ ಕಾಣೆ.

ಗೇಟು ಹೋದದ್ದು ಸುದ್ದಿಯಾಯಿತು, ಹೂಳು ಸುದ್ದಿಯಾಗಲಿಲ್ಲ. ಆರಂಭದಲ್ಲಿ 133 ಟಿಎಂಸಿ ನೀರು ಹಿಡಿಯುತ್ತಿದ್ದ ಜಲಾಶಯ ಈಗ 105ರ ಆಸುಪಾಸಿನಲ್ಲಿದೆ. ಏಳು ದಶಕಗಳಲ್ಲಿ ಹಿಡಿಹಿಡಿಯಾಗಿ ಬಂದ ಮಣ್ಣು ಅದು. ಕೂಡ್ಲಿಗಿಯ ಹಳ್ಳಿಗಳ ಕೊಳವೆಬಾವಿಗಳಲ್ಲಿ ಫ್ಲೋರೈಡ್ ಕೂಡ ಹಾಗೆಯೇ ಸದ್ದಿಲ್ಲದೆ ಮಕ್ಕಳ ಹಲ್ಲಿಗೆ, ಹಿರಿಯರ ಮೂಳೆಗೆ ಇಳಿಯಿತು. ಪರಿಸರದ ವಿಷಯದಲ್ಲಿ ಪ್ರಳಯದ ಭಾಷೆ ಬಳಸುವ ಒಳ್ಳೆಯ ಜನರೊಡನೆ ನನಗಿರುವ ಜಗಳ ಇದೇ. ಭೂಮಿ ಮುಗಿಯಿತು ಎಂದು ಕೇಳಿದವನು ಒಂದೋ ಕಿವಿ ಮುಚ್ಚಿಕೊಳ್ಳುತ್ತಾನೆ, ಇಲ್ಲವೇ ಇನ್ನೇನು ಮಾಡಿ ಫಲವೇನು ಎಂದು ಕೈಚೆಲ್ಲುತ್ತಾನೆ. ಪೋಪ್ ಫ್ರಾನ್ಸಿಸರು 2015ರ ತಮ್ಮ ವಿಶ್ವಪತ್ರದಲ್ಲಿ ಭೂಮಿಯನ್ನು ನಮ್ಮೆಲ್ಲರ ಮನೆ ಎಂದು ಕರೆದರು. ಮನೆಯೆಂದ ಮೇಲೆ ದಿನವೂ ಗುಡಿಸಬೇಕು. ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಅಂಕಸಮುದ್ರದ ಹಳೆಯ ಕೆರೆಯನ್ನು ಒಮ್ಮೆ ನೋಡಿ ಬರಬೇಕು. ಸುಮಾರು 244 ಎಕರೆ, ನೀರಿನಲ್ಲಿ ನಿಂತ ಜಾಲಿ ಮರಗಳು, ಅವುಗಳ ತುಂಬ ಗೂಡು. 2017ರಲ್ಲಿ ಪಕ್ಷಿ ಸಂರಕ್ಷಿತ ಪ್ರದೇಶವಾಯಿತು, 2024ರಲ್ಲಿ ರಾಮ್ಸರ್ ಪಟ್ಟಿ ಸೇರಿತು. ಯಾವ ಭವಿಷ್ಯವಾಣಿಯಲ್ಲೂ ಇದು ಇರಲಿಲ್ಲ.

ರಾಜಕಾರಣಿಗಳ ಬಗ್ಗೆ ಹೆಚ್ಚು ಹೇಳುವ ಅಗತ್ಯ ಕಾಣದು. ಇದೇ ಕಡೆಯ ಚುನಾವಣೆ, ಈ ಬಾರಿ ಸೋತರೆ ನಮ್ಮ ಧರ್ಮವೇ ಅಳಿಯುವುದು ಎಂದು ಪ್ರತಿ ಪಕ್ಷದವರೂ ತಮ್ಮತಮ್ಮ ಜನರ ಕಿವಿಯಲ್ಲಿ ಊದುತ್ತಾರೆ. ಅಲ್ಪಸಂಖ್ಯಾತರಾದ ನಮಗೆ ಆ ಮಾತು ಬೇಗ ನಾಟುತ್ತದೆ, ಏಕೆಂದರೆ ನಮ್ಮ ಭಯಕ್ಕೆ ಕಾರಣಗಳಿವೆ. 2008ರಲ್ಲಿ ಕರಾವಳಿಯ ಚರ್ಚುಗಳ ಮೇಲೆ ನಡೆದ ದಾಳಿಗಳನ್ನು ಮರೆತಿಲ್ಲ. ಆದರೆ ಕಡೆಯ ಯುದ್ಧ ಎಂದು ಒಪ್ಪಿಕೊಂಡವನು ಎದುರಿಗಿರುವವನೊಡನೆ ಮಾತಾಡುವುದನ್ನು ಬಿಡುತ್ತಾನೆ. ಲೆಕ್ಕ ಕೇಳುವುದನ್ನೂ ಬಿಡುತ್ತಾನೆ. ಹರಪನಹಳ್ಳಿ 1997ರಲ್ಲಿ ದಾವಣಗೆರೆಗೆ ಹೋಗಿ, 2018ರಲ್ಲಿ ಬಳ್ಳಾರಿಗೆ ಮರಳಿ, 2021ರಲ್ಲಿ ವಿಜಯನಗರ ಜಿಲ್ಲೆ ಸೇರಿತು. ಮೂರು ಜಿಲ್ಲೆ ಕಂಡ ಆ ತಾಲ್ಲೂಕಿನ ಹಳ್ಳಿಗಳಲ್ಲಿ ಬೇಸಿಗೆಯ ಕೆಲಸಕ್ಕೆ ಗುಳೆ ಹೋಗುವುದು ಮಾತ್ರ ನಿಂತಿಲ್ಲ.

ಮೈಲಾರದ ಜಾತ್ರೆ ಮುಗಿದು ಬಿಸಿಲೇರುವ ಹೊತ್ತಿಗೆ ಈ ತಾಲ್ಲೂಕುಗಳ ಬಸ್ ನಿಲ್ದಾಣಗಳಲ್ಲಿ ರಾತ್ರಿ ನಿಂತು ನೋಡಿ. ಹಾಸಿಗೆ ಸುತ್ತಿದ ಗಂಟು, ಅಡುಗೆಯ ಪಾತ್ರೆ, ನಿದ್ದೆಗಣ್ಣಿನ ಮಕ್ಕಳು. ಬೆಂಗಳೂರಿನ ಕಟ್ಟಡ ಕೆಲಸಕ್ಕೆ ಹೊರಟವರು. ಅವರಲ್ಲಿ ನಮ್ಮ ಧರ್ಮಕೇಂದ್ರಗಳ ಕುಟುಂಬಗಳೂ ಇವೆ. ಮಗಳ ಪರೀಕ್ಷೆಗೆ ಇನ್ನೊಂದು ತಿಂಗಳಿದೆ, ಮನೆಗೆ ಬೀಗ ಬಿದ್ದಿದೆ. ಕಡೆಯ ದಿನಗಳ ಕುರಿತ ಧ್ಯಾನಕೂಟಕ್ಕೆ ಶಾಮಿಯಾನ ಹಾಕಿಸಿ ಧ್ವನಿವರ್ಧಕ ತರಿಸುವ ನಾವು, ಆ ಹುಡುಗಿ ಪರೀಕ್ಷೆ ಮುಗಿಯುವ ತನಕ ಯಾರ ಮನೆಯಲ್ಲಿ ಉಳಿಯುವಳು ಎಂದು ಪಾಲನಾ ಸಮಿತಿಯ ಸಭೆಯಲ್ಲಿ ಈ ವರ್ಷ ಕೇಳಿದ್ದೇವೆಯೇ?