ಸುಖದ ನೆಲೆ ಎಲ್ಲಿದೆ?

ಸುಖವನ್ನು ಬಯಸದ ಮನುಷ್ಯನಿಲ್ಲ. ಅದರ ನೆಲೆಯನ್ನು ಅರಿತವರು ವಿರಳ. ಹೊಲ, ಮನೆ, ಹಣ, ಅಧಿಕಾರ ಹೆಚ್ಚಿದಂತೆ ನೆಮ್ಮದಿಯೂ ಹೆಚ್ಚುವುದೆಂದು ನಂಬಿ ಓಡುವವನಿಗೆ ಓಟವೊಂದೇ ಉಳಿಯುತ್ತದೆ.

ಅಮೆರಿಕದ ಸ್ವತಂತ್ರ ಸಾಕ್ಷ್ಯಚಿತ್ರ ನಿರ್ದೇಶಕ ರೋಕೊ ಬೆಲಿಕ್ ಅವರು ಇದೇ ಪ್ರಶ್ನೆಯನ್ನು ಹಿಡಿದು ದೇಶದೇಶಗಳನ್ನು ಸುತ್ತಿ, 2011ರಲ್ಲಿ ‘ಹ್ಯಾಪಿ’ ಎಂಬ ಚಿತ್ರವನ್ನು ಹೊರತಂದರು. ಅದಕ್ಕೆ ಪ್ರೇರಣೆ ನೀಡಿದವರು ಹಾಲಿವುಡ್ಡಿನ ನಿರ್ದೇಶಕ ಟಾಮ್ ಶ್ಯಾಡ್ಯಾಕ್. ಅಪಾರ ಸಂಪತ್ತನ್ನು ಗಳಿಸಿದ ಮೇಲೆ, ಅದರಲ್ಲಿ ಸುಖ ಕಾಣದೆ, ಭವ್ಯ ಬಂಗಲೆಯನ್ನು ತೊರೆದು ಚಿಕ್ಕ ಮನೆಗೆ ನಡೆದವರು ಅವರು.

ಚಿತ್ರವು ಆರಂಭವಾಗುವುದು ನಮ್ಮ ಭಾರತದಲ್ಲಿಯೇ. ಕೋಲ್ಕತ್ತದ ಕೊಳೆಗೇರಿಯ ಒಬ್ಬ ರಿಕ್ಷಾ ಎಳೆಯುವ ಕಾಯಕಜೀವಿ, ಪ್ಲಾಸ್ಟಿಕ್ ಹೊದಿಸಿದ ಗುಡಿಸಿಲಿನಲ್ಲಿದ್ದೂ, ಮಗನ ಮುಖ ಕಂಡರೆ ದಣಿವು ಮರೆತು ಸಂತೃಪ್ತನಾಗಿದ್ದಾನೆ. ಅದೇ ಚಿತ್ರದಲ್ಲಿ ಶ್ರೀಮಂತ ಜಪಾನಿನಲ್ಲಿ ದುಡಿದು ದುಡಿದೇ ಸತ್ತವರ ಮನೆಯ ದುಃಖವೂ ಇದೆ. ಇಂಥ ಸಾವಿಗೆ ಆ ನಾಡಿನಲ್ಲಿ ‘ಕರೋಶಿ’ ಎಂಬ ಹೆಸರೇ ಇದೆ. ಡೆನ್ಮಾರ್ಕಿನಲ್ಲಿ ಹಲವು ಕುಟುಂಬಗಳು ಒಂದೆಡೆ ನೆಲೆಸಿ ಸರದಿಯಂತೆ ಅಡುಗೆ ಮಾಡಿ ಕೂಡಿ ಉಣ್ಣುತ್ತವೆ. ಒಕಿನಾವಾ ದ್ವೀಪದ ಹಿರಿಯರು ಊರವರೊಡನೆ ಬೆರೆತು ಹಾಡಿ ಕುಣಿಯುತ್ತಾರೆ.

ಸದ್ಭಕ್ತರೇ, ಇಲ್ಲಿ ಒಂದು ಎಚ್ಚರ ಅಗತ್ಯ. ರಿಕ್ಷಾ ಎಳೆಯುವವನು ಸುಖಿಯಾಗಿದ್ದಾನೆಂದರೆ ಬಡತನವೇ ಸುಖವೆಂದಲ್ಲ. ಮಳೆಗಾಲದಲ್ಲಿ ಅವನ ಗುಡಿಸಿಲು ಸೋರದೆ ಇರುವುದಿಲ್ಲ. ಉಳ್ಳವರು ಇಲ್ಲದವರಿಗೆ “ಇದ್ದುದರಲ್ಲಿ ತೃಪ್ತರಾಗಿರಿ” ಎಂದು ಬೋಧಿಸಿ ಕೈ ತೊಳೆದುಕೊಳ್ಳುವುದು ಧರ್ಮವಲ್ಲ, ಆತ್ಮವಂಚನೆ. ತೃಪ್ತಿಯ ಪಾಠವನ್ನು ಮೊದಲು ಕಲಿಯಬೇಕಾದವನು ಕಣಜ ತುಂಬಿದವನು.

12ನೆಯ ಶತಮಾನದ ಆಯ್ದಕ್ಕಿ ಲಕ್ಕಮ್ಮನ ಕಥೆ ನಿಮಗೆಲ್ಲ ತಿಳಿದದ್ದೇ. ಪತಿ ಮಾರಯ್ಯ ಎಂದಿಗಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಆ ಬಡವಿ ಅದನ್ನು ಮರಳಿ ಸುರಿದು ಬರುವಂತೆ ಹೇಳಿದಳು. ಕಾಯಕದಿಂದ ಬಂದುದು ಸಾಕು, ಮಿಕ್ಕುದು ಪರರದು ಎಂಬ ಆ ಅರಿವೇ ಅವಳ ಸಿರಿ. ಈ ಕಾಯಕಕ್ಕೆ ದಾಸೋಹ ಜೊತೆಗೂಡಿದಾಗಲೇ ಸುಖವು ಒಬ್ಬನದಾಗದೆ ಊರಿನದಾಗುತ್ತದೆ.

ಇಂದು ನಮ್ಮ ಹಳ್ಳಿಗಳಲ್ಲಿ ಸಾಲ ಮಾಡಿ ಮದುವೆಯ ಆಡಂಬರ ನಡೆಯುತ್ತದೆ. ಪಕ್ಕದ ಮನೆಯ ಬಡ ಮಗುವಿನ ಶಾಲೆ ನಿಲ್ಲುತ್ತದೆ. ಮಕ್ಕಳು ಪಟ್ಟಣ ಸೇರಿ, ದೊಡ್ಡ ಮನೆಯಲ್ಲಿ ವೃದ್ಧ ತಂದೆತಾಯಿ ಇಬ್ಬರೇ ಉಣ್ಣುತ್ತಾರೆ. ಡೆನ್ಮಾರ್ಕಿನವರು ಹೊಸದಾಗಿ ಕಟ್ಟಿಕೊಂಡ ಸಹಪಂಕ್ತಿ ನಮ್ಮ ಹಿರಿಯರು ಬಿಟ್ಟುಹೋದ ಆಸ್ತಿ. ಅದನ್ನು ನಾವೇ ಕಳೆದುಕೊಳ್ಳಬಾರದು.

ಆದ್ದರಿಂದ ಮನೆಯಲ್ಲಿ ಶುಭಕಾರ್ಯ ನಡೆದಾಗ ಖರ್ಚಿನ ಒಂದು ಪಾಲು ಊರಿನ ಒಂದು ಮಗುವಿನ ಓದಿಗೆ ಮೀಸಲಾಗಲಿ. ವಾರಕ್ಕೊಮ್ಮೆಯಾದರೂ ಒಂಟಿ ಹಿರಿಯರನ್ನು ನಿಮ್ಮ ಪಂಕ್ತಿಗೆ ಕರೆಯಿರಿ. ಹಂಚಿದಾಗ ಹೆಚ್ಚುವ ಸಂಪತ್ತು ಸುಖವೊಂದೇ ಎಂಬುದು ಆಗ ಅನುಭವಕ್ಕೆ ಬರುವುದು. ಸರ್ವರಿಗೂ ಸನ್ಮಂಗಲವಾಗಲೆಂದು ಹಾರೈಸುತ್ತೇವೆ.